ಬಾಟಲಿ ನೀರು: ಶುದ್ಧತೆಯ ಅಳತೆಗೋಲು ಯಾವುದು?

ಕೆಲವು ವರ್ಷಗಳ ಹಿಂದಿನ ಮಾತು. ಭಾಲ್ಕಿಯ ನಮ್ಮ ಪ್ರೌಢಶಾಲೆಯ ಶಿಕ್ಷಕರ ಕೊಠಡಿಗೆ ನೀರು ಶುದ್ಧೀಕರಣ ಯಂತ್ರ ಮಾರುವ ಯುವಕನೊಬ್ಬ ಬಂದ. ಮೇಜಿನ ಮೇಲೆ ಎರಡು ಗಾಜಿನ ಲೋಟ ಇಟ್ಟ. ಒಂದಕ್ಕೆ ಶಾಲೆಯ ಕೊಳವೆಬಾವಿಯ ನೀರು, ಇನ್ನೊಂದಕ್ಕೆ ತಾನು ತಂದಿದ್ದ ಬಾಟಲಿಯ ನೀರು ಸುರಿದ. ಲೋಹದ ಕಡ್ಡಿಗಳಿದ್ದ ಒಂದು ಉಪಕರಣವನ್ನು ಎರಡೂ ಲೋಟಗಳಲ್ಲಿ ಇಳಿಬಿಟ್ಟು ಪ್ಲಗ್ಗಿಗೆ ಸಿಕ್ಕಿಸಿದ. ಎರಡು ನಿಮಿಷದೊಳಗೆ ಕೊಳವೆಬಾವಿಯ ನೀರು ಕಲಕಿ, ಹಸಿರು ಮಿಶ್ರಿತ ಕಂದು ಬಣ್ಣದ ಕೆಸರು ಮೇಲೆ ತೇಲಿತು. ಬಾಟಲಿಯ ನೀರು ಮಾತ್ರ ಹಾಗೆಯೇ ತಿಳಿಯಾಗಿ ಉಳಿಯಿತು. "ನೋಡ್ರಿ ಸರ್, ನಿಮ್ಮ ಶಾಲಿ ಹುಡುಗ್ರು ದಿನಾ ಇದನ್ನೇ ಕುಡೀತಾರ" ಎಂದ. ಹಿಂದಿ ಶಿಕ್ಷಕರು ತಮ್ಮ ಕೈಯಲ್ಲಿದ್ದ ಲೋಟವನ್ನು ಮೆಲ್ಲಗೆ ಪಕ್ಕಕ್ಕೆ ಸರಿಸಿದರು.

ಯಂತ್ರ ಕೊಳ್ಳಲು ಹಣವಿರಲಿಲ್ಲ. ಆದರೆ ಮರುವಾರದಿಂದ ಶಿಕ್ಷಕರ ಕೊಠಡಿಗೆ 20 ಲೀಟರಿನ ಕ್ಯಾನ್ ಬರತೊಡಗಿತು. ಮಕ್ಕಳು ಹೊರಗಿನ ನಲ್ಲಿಯಲ್ಲಿ ಅದೇ ಕೊಳವೆಬಾವಿ ನೀರನ್ನು ಕುಡಿಯುತ್ತಿದ್ದರು. ಅದನ್ನು ನೋಡಿಯೂ ವಿಜ್ಞಾನ ಪಾಠ ಮಾಡುವ ನಾನು ಬಾಯಿ ತೆರೆಯಲಿಲ್ಲ. ಆ ಮೌನಕ್ಕೆ ಪ್ರಾಯಶ್ಚಿತ್ತವೆಂದೇ ಈ ಲೇಖನವನ್ನು ಓದುಗರು ಭಾವಿಸಬಹುದು.

ಆ ಪ್ರದರ್ಶನದಲ್ಲಿ ನಡೆದದ್ದು ಹತ್ತನೆಯ ತರಗತಿಯ ರಸಾಯನಶಾಸ್ತ್ರ. ಕಡ್ಡಿಗಳಲ್ಲಿ ಕೆಲವು ಕಬ್ಬಿಣದವು, ಕೆಲವು ಅಲ್ಯೂಮಿನಿಯಮಿನವು. ಕೊಳವೆಬಾವಿ ನೀರಿನಲ್ಲಿ ಕ್ಯಾಲ್ಸಿಯಮ್, ಮೆಗ್ನೀಸಿಯಮ್, ಬೈಕಾರ್ಬೊನೇಟ್ ಮುಂತಾದ ಅಯಾನುಗಳು ಇರುವುದರಿಂದ ವಿದ್ಯುತ್ ಸಲೀಸಾಗಿ ಹರಿಯುತ್ತದೆ. ಹರಿದಾಗ ಧನಾಗ್ರದ ಕಬ್ಬಿಣವೇ ಕರಗಿ ನೀರಿಗೆ ಇಳಿಯುತ್ತದೆ. ಅದು ಹೈಡ್ರಾಕ್ಸೈಡ್ ಆಗಿ, ಗಾಳಿಯ ಆಮ್ಲಜನಕದೊಡನೆ ಸೇರಿ ತುಕ್ಕಿನ ಬಣ್ಣ ತಾಳುತ್ತದೆ. ನಾವು ಕಂಡ ಕೆಸರು ನೀರಿನಲ್ಲಿ ಮೊದಲೇ ಇದ್ದದ್ದಲ್ಲ, ಆತನ ಕಡ್ಡಿಯಿಂದ ಬಂದದ್ದು. ಬಾಟಲಿಯ ನೀರಿನಲ್ಲಿ ಅಯಾನುಗಳು ಕಡಿಮೆ, ವಿದ್ಯುತ್ ಅಷ್ಟಾಗಿ ಹರಿಯುವುದಿಲ್ಲ, ಕಬ್ಬಿಣ ಕರಗುವುದಿಲ್ಲ. ಅಷ್ಟೇ ವಿಷಯ.

ಇದನ್ನು ತರಗತಿಯಲ್ಲಿ ಮಾಡಿ ತೋರಿಸುವುದು ಸುಲಭ. ಆದರೆ ಮನೆಯ ವಿದ್ಯುತ್ ಸಂಪರ್ಕ ಖಂಡಿತ ಬೇಡ. ಲೋಟದ ನೀರಿನೊಳಗೆ 230 ವೋಲ್ಟ್ ಬಿಡುವುದು ಪ್ರಾಣಾಪಾಯ. 9 ವೋಲ್ಟಿನ ಒಂದು ಬ್ಯಾಟರಿ ಸಾಕು, ಸ್ವಲ್ಪ ಹೆಚ್ಚು ಹೊತ್ತು ಕಾಯಬೇಕಾದೀತು. ಮೊದಲು ಎರಡು ಕಬ್ಬಿಣದ ಮೊಳೆಗಳನ್ನು ಬಳಸಿ ನಲ್ಲಿ ನೀರು ಕಂದಾಗುವುದನ್ನು ತೋರಿಸಿ. ಬಳಿಕ ಅದೇ ನಲ್ಲಿ ನೀರಿನಲ್ಲಿ ಮೊಳೆಗಳ ಬದಲು ಎರಡು ಪೆನ್ಸಿಲ್ ಸೀಸಗಳನ್ನು ಇಳಿಬಿಡಿ. ಗುಳ್ಳೆಗಳು ಏಳುತ್ತವೆ, ಕಂದು ಕೆಸರು ಮಾತ್ರ ಏಳುವುದಿಲ್ಲ. ಕೊನೆಗೆ ಬಾಟಲಿ ನೀರಿಗೆ ಒಂದು ಚಿಟಿಕೆ ಅಡುಗೆ ಉಪ್ಪು ಹಾಕಿ ಮೊಳೆಗಳನ್ನಿಡಿ. ಆ 'ಪರಿಶುದ್ಧ' ನೀರೂ ತುಕ್ಕು ಬಣ್ಣಕ್ಕೆ ತಿರುಗುತ್ತದೆ. ಪವಾಡಗಳ ಗುಟ್ಟು ಬಯಲು ಮಾಡುವ ಕಾರ್ಯಕ್ರಮಗಳಲ್ಲಿ ನಾವು ನಿಂಬೆಹಣ್ಣಿನಿಂದ ರಕ್ತ ಬರುವುದನ್ನು ತೋರಿಸುತ್ತೇವೆ, ತೆಂಗಿನಕಾಯಿಗೆ ಬೆಂಕಿ ಹೊತ್ತುವುದನ್ನು ತೋರಿಸುತ್ತೇವೆ. ಪ್ಯಾಂಟು ಶರಟು ತೊಟ್ಟು ಬರುವ ಈ ಪವಾಡವೂ ಆ ಪಟ್ಟಿಗೆ ಸೇರಬೇಕು.

ಕಡ್ಡಿಯ ಆಟ ಹಳೆಯದಾಯಿತು ಎನ್ನುವವರ ಜೇಬಿನಲ್ಲಿ ಈಗ ಟಿಡಿಎಸ್ ಮೀಟರ್ ಇದೆ. ಪೆನ್ನಿನಷ್ಟೇ ದೊಡ್ಡದು, ನೀರಿಗೆ ಅದ್ದಿದರೆ ಒಂದು ಅಂಕಿ ತೋರಿಸುತ್ತದೆ. ಅಂಕಿ 40 ಬಂದರೆ ನೀರು ಉತ್ತಮ, 900 ಬಂದರೆ ವಿಷ ಎಂಬ ತೀರ್ಪು ಸಿದ್ಧವಾಗಿರುತ್ತದೆ. ಈ ಉಪಕರಣ ಅಳೆಯುವುದು ನೀರಿನ ವಿದ್ಯುದ್ವಾಹಕತೆಯನ್ನು. ಅದರಿಂದ ಕರಗಿದ ಲವಣಗಳ ಒಟ್ಟು ಪ್ರಮಾಣವನ್ನು ಅಂದಾಜು ಮಾಡಬಹುದು. ಯಾವ ಲವಣ ಎಷ್ಟಿದೆ ಎಂಬುದನ್ನು ಅದು ಹೇಳಲಾರದು. ಬ್ಯಾಕ್ಟೀರಿಯಾ ಅದರ ಕಣ್ಣಿಗೆ ಬೀಳುವುದೇ ಇಲ್ಲ.

ಒಂದು ಸಣ್ಣ ಲೆಕ್ಕ ಹಾಕೋಣ. ಟಿಡಿಎಸ್ 40 ಇರುವ ಒಂದು ಲೀಟರ್ ನೀರಿಗೆ ಚರಂಡಿಯ ನೀರು ಒಂದು ಮಿಲಿಲೀಟರ್ ಬಿತ್ತೆನ್ನಿ. ಚರಂಡಿ ನೀರಿನ ಟಿಡಿಎಸ್ 1,500 ಇದ್ದರೂ ಲೀಟರಿಗೆ ಕೂಡುವುದು ಒಂದೂವರೆ ಮಿಲಿಗ್ರಾಂ. ಮೀಟರು 40ರ ಬದಲು 41 ಅಥವಾ 42 ಎಂದೀತು. ಆದರೆ ಚರಂಡಿ ನೀರಿನ 100 ಮಿಲಿಲೀಟರಿನಲ್ಲಿ ಮಲಜನ್ಯ ಬ್ಯಾಕ್ಟೀರಿಯಾಗಳು ಹತ್ತು ಲಕ್ಷದಷ್ಟಿರುವುದು ಸಾಮಾನ್ಯ. ಆ ಒಂದು ಮಿಲಿಲೀಟರ್ ಬಿದ್ದ ಮೇಲೆ ನಮ್ಮ ಲೀಟರಿನ ಪ್ರತಿ 100 ಮಿಲಿಲೀಟರಿನಲ್ಲಿ ಸಾವಿರ ಬ್ಯಾಕ್ಟೀರಿಯಾ! ಕುಡಿಯುವ ನೀರಿನ ಭಾರತೀಯ ಮಾನಕ ಐಎಸ್ 10500ರ ಪ್ರಕಾರ 100 ಮಿಲಿಲೀಟರಿನಲ್ಲಿ ಇ. ಕೋಲಿ ಒಂದೂ ಇರಕೂಡದು. ಅದೇ ಮಾನಕ ಟಿಡಿಎಸ್‌ಗೆ 500 ಮಿಲಿಗ್ರಾಂ ಮೇಲ್ಮಿತಿ ಇಟ್ಟು, ಬೇರೆ ನೀರೇ ಸಿಗದಿದ್ದಲ್ಲಿ 2,000ದವರೆಗೂ ಒಪ್ಪುತ್ತದೆ. ಯಾವುದರಲ್ಲಿ ಸಡಿಲಿಕೆಯಿದೆ, ಯಾವುದರಲ್ಲಿ ಇಲ್ಲ ಎಂಬುದನ್ನು ಗಮನಿಸಿ. ಮಾರಾಟಗಾರ ಅದನ್ನು ತಲೆಕೆಳಗು ಮಾಡಿದ್ದಾನೆ.

ಇಲ್ಲಿ ಇನ್ನೊಂದು ಹೆಸರಿನ ಗೊಂದಲವನ್ನೂ ಬಿಡಿಸಬೇಕು. ಬೀದರ್ ಬಸ್ ನಿಲ್ದಾಣದಲ್ಲಿ ನಾವು 'ಮಿನರಲ್ ವಾಟರ್' ಎಂದು ಕೇಳಿ ಪಡೆಯುವುದು ಸಾಮಾನ್ಯವಾಗಿ ಖನಿಜಯುಕ್ತ ನೀರಲ್ಲ. 1965ರಲ್ಲಿ ಇಟಲಿ ಮೂಲದ ಬಿಸ್ಲೇರಿ ಮುಂಬಯಿಗೆ ಬಂದಾಗಿನಿಂದ ಆ ಮಾತು ನಾಲಿಗೆಗೆ ಅಂಟಿಕೊಂಡಿದೆ. ನಿಜವಾದ ನೈಸರ್ಗಿಕ ಖನಿಜ ಜಲಕ್ಕೆ ಐಎಸ್ 13428 ಎಂಬ ಬೇರೆಯೇ ಮಾನಕವಿದೆ. ನಮ್ಮ ಕೈಗೆ ಸಿಗುವುದು ಐಎಸ್ 14543ರ 'ಪ್ಯಾಕ್ ಮಾಡಿದ ಕುಡಿಯುವ ನೀರು'. ಅಂದರೆ ಬಹುಮಟ್ಟಿಗೆ ಕೊಳವೆಬಾವಿಯ ನೀರನ್ನೇ ಹಿಮ್ಮುಖ ಅಭಿಸರಣೆಯಿಂದ, ನಾವೆಲ್ಲ ಆರ್‌ಓ ಎನ್ನುವ ವಿಧಾನದಿಂದ, ಲವಣ ತೆಗೆದು, ಓಜೋನ್ ಹಾಯಿಸಿ ತುಂಬಿದ್ದು. ಖನಿಜ ತೆಗೆದ ನೀರಿಗೆ ಖನಿಜದ ಹೆಸರು!

ಈ ನೀರಿಗೆ ಮಾನಕಗಳು ಬಂದದ್ದೂ ತಾನಾಗಿಯೇ ಅಲ್ಲ. 2003ರ ಫೆಬ್ರವರಿಯಲ್ಲಿ ದೆಹಲಿಯ ವಿಜ್ಞಾನ ಮತ್ತು ಪರಿಸರ ಕೇಂದ್ರವು ದೆಹಲಿ, ಮುಂಬಯಿ ಭಾಗದ ಬಾಟಲಿ ನೀರಿನಲ್ಲಿ ಲಿಂಡೇನ್, ಡಿಡಿಟಿ, ಕ್ಲೋರ್‌ಪೈರಿಫಾಸ್ ಮುಂತಾದ ಕೀಟನಾಶಕಗಳ ಶೇಷವನ್ನು ಪತ್ತೆಹಚ್ಚಿ ಪ್ರಕಟಿಸಿತು. ಅದಾದ ಮೇಲೆಯೇ ಒಂದೊಂದು ಕೀಟನಾಶಕಕ್ಕೆ ಲೀಟರಿಗೆ 0.0001 ಮಿಲಿಗ್ರಾಂ, ಎಲ್ಲ ಸೇರಿ 0.0005 ಮಿಲಿಗ್ರಾಂ ಎಂಬ ಮಿತಿ 2004ರ ಜನವರಿಯಿಂದ ಜಾರಿಗೆ ಬಂದಿತು. 2001ರಿಂದ ಕಡ್ಡಾಯವಾಗಿದ್ದ ಐಎಸ್ಐ ಮುದ್ರೆಯ ಷರತ್ತನ್ನು ಆಹಾರ ಸುರಕ್ಷತಾ ಪ್ರಾಧಿಕಾರ 2024ರ ಅಕ್ಟೋಬರಿನಲ್ಲಿ ಕೈಬಿಟ್ಟಿತು. ಮರು ತಿಂಗಳೇ ಅದೇ ಪ್ರಾಧಿಕಾರ ಬಾಟಲಿ ನೀರನ್ನು 'ಹೆಚ್ಚು ಅಪಾಯ ಸಂಭವವಿರುವ ಆಹಾರ'ಗಳ ಗುಂಪಿಗೆ ಸೇರಿಸಿ, ಘಟಕಗಳ ತಪಾಸಣೆಯನ್ನು ಬಿಗಿಗೊಳಿಸಿತು. ಎಡಗೈಯಿಂದ ಸಡಿಲಿಸಿದ್ದನ್ನು ಬಲಗೈಯಿಂದ ಬಿಗಿದಂತೆ.

ಮುದ್ರೆಯಿರುವ ಬಾಟಲಿಗಿಂತ ನನಗೆ ಹೆಚ್ಚು ಆತಂಕ ನಮ್ಮ ಕೊಠಡಿಗೆ ಬಂದಂಥ ಕ್ಯಾನಿನದು. ಮೊಹರಿಲ್ಲ, ತುಂಬಿದ ದಿನಾಂಕವಿಲ್ಲ, ತಯಾರಕರ ವಿಳಾಸವಿಲ್ಲ. ಮದುವೆ ಮಂಟಪ, ಅಂಗಡಿ, ಕಚೇರಿ ಎಲ್ಲೆಡೆ ಇಂಥ ಕ್ಯಾನುಗಳು ಸುತ್ತುತ್ತವೆ. ಆರ್‌ಓ ಪೊರೆ ಲವಣದ ಜೊತೆ ಸೂಕ್ಷ್ಮಜೀವಿಗಳನ್ನೂ ತಡೆಯುತ್ತದೆ, ನಿಜ. ಆದರೆ ಪೊರೆ ದಾಟಿ ಬಂದ ನೀರಿನಲ್ಲಿ ರಕ್ಷಣೆಗೆ ಕ್ಲೋರಿನ್ ಉಳಿದಿರುವುದಿಲ್ಲ. ಓಜೋನ್ ಹಾಯಿಸಿದ್ದರೂ ಅದು ಬೇಗನೆ ವಿಘಟನೆಯಾಗಿ ಹೋಗುತ್ತದೆ. ಆಮೇಲೆ ಕ್ಯಾನನ್ನು ತೊಳೆದ ಕೈ, ಅದರ ಮುಚ್ಚಳ, ಅದ್ದಿದ ಲೋಟ, ಯಾವುದರಿಂದ ಸೋಂಕು ತಗಲಿದರೂ ತಡೆಯುವವರಿಲ್ಲ. ನಗರಸಭೆಯ ನಲ್ಲಿ ನೀರಿನಲ್ಲಿ ಲೀಟರಿಗೆ 0.2 ಮಿಲಿಗ್ರಾಂ ಶೇಷ ಕ್ಲೋರಿನ್ ಇರಬೇಕು ಎಂಬ ನಿಯಮದ ಅರ್ಥ ಇದೇ: ಅದು ದಾರಿಯುದ್ದಕ್ಕೂ ಜೊತೆಗೆ ಬರುವ ಕಾವಲುಗಾರ. ಅದರ ವಾಸನೆಗೆ ಮೂಗು ಮುರಿದು ನಾವು ಕಾವಲಿಲ್ಲದ ನೀರನ್ನು ಹಣ ಕೊಟ್ಟು ತರುತ್ತೇವೆ.

ಹಾಗಾದರೆ ಆರ್‌ಓ ಬೇಡವೇ? ಹಾಗೆ ಹೇಳುವುದೂ ಅವಿಜ್ಞಾನವಾದೀತು. ಔರಾದ್ ಕಡೆಯ ಕಪ್ಪು ನೆಲದಡಿ ಇರುವುದು ದಖನ್ನಿನ ಬಸಾಲ್ಟ್ ಶಿಲೆ. ನೀರು ನಿಲ್ಲುವುದು ಅದರ ಶಿಥಿಲ ಪದರ ಮತ್ತು ಬಿರುಕುಗಳಲ್ಲಿ ಮಾತ್ರ. ಬೇಸಿಗೆಯಲ್ಲಿ ಅದೂ ಬತ್ತುತ್ತದೆ, ಉಳಿದ ನೀರು ಗಡುಸಾಗುತ್ತದೆ. ಗೊಬ್ಬರ, ತಿಪ್ಪೆ, ಶೌಚಗುಂಡಿಗಳಿಂದ ಇಳಿದ ನೈಟ್ರೇಟ್ ಲೀಟರಿಗೆ 45 ಮಿಲಿಗ್ರಾಂ ಮೀರಿದರೆ ಎಳೆಯ ಶಿಶುಗಳ ರಕ್ತಕ್ಕೆ ಆಮ್ಲಜನಕ ಸಾಗಿಸಲು ತೊಡಕಾಗುತ್ತದೆ. ನೀರು ಕಾಯಿಸಿದರೆ ನೈಟ್ರೇಟ್ ಹೋಗುವುದಿಲ್ಲ. ನೀರು ಆವಿಯಾದಷ್ಟೂ ಸಾಂದ್ರವಾಗುತ್ತದೆ. ಅಂಥ ಕಡೆ, ಫ್ಲೋರೈಡ್ ಹೆಚ್ಚಿರುವ ಕಡೆ, ಆರ್‌ಓ ಒಂದು ಉಪಾಯವೇ ಸರಿ. ಊರೂರಿನ ಶುದ್ಧ ಕುಡಿಯುವ ನೀರಿನ ಘಟಕಗಳು ಹುಟ್ಟಿದ್ದು ಇದೇ ಕಾರಣಕ್ಕೆ. ಐದು ರೂಪಾಯಿ ನಾಣ್ಯಕ್ಕೆ 20 ಲೀಟರ್ ಎಂದರೆ ಲೀಟರಿಗೆ 25 ಪೈಸೆ. ಇಪ್ಪತ್ತು ರೂಪಾಯಿಯ ಲೀಟರ್ ಬಾಟಲಿಗೆ ಹೋಲಿಸಿದರೆ ಎಂಬತ್ತರಲ್ಲಿ ಒಂದು ಪಾಲು.

ಆದರೆ ಘಟಕದ ಹಿಂಬದಿಗೂ ಒಮ್ಮೆ ಹೋಗಿ ನೋಡಬೇಕು. ಅಲ್ಲೊಂದು ಕೊಳವೆಯಿಂದ ಎಡೆಬಿಡದೆ ನೀರು ಚರಂಡಿಗೆ ಸುರಿಯುತ್ತಿರುತ್ತದೆ. ಲೀಟರಿಗೆ 900 ಮಿಲಿಗ್ರಾಂ ಲವಣವಿರುವ 100 ಲೀಟರ್ ನೀರು ಒಳಹೋಗಿ, 40 ಲೀಟರ್ ಕುಡಿಯಲು ಬಂತೆಂದು ಇಟ್ಟುಕೊಳ್ಳಿ. ಒಟ್ಟು ಲವಣ 90 ಗ್ರಾಂ. ಕುಡಿಯುವ ನೀರಿನ ಟಿಡಿಎಸ್ 50 ಆದರೆ ಅದರೊಡನೆ ಹೋದದ್ದು 2 ಗ್ರಾಂ. ಉಳಿದ 88 ಗ್ರಾಂ 60 ಲೀಟರಿನಲ್ಲಿ ಸೇರಿ, ಹೊರಬೀಳುವ ನೀರಿನ ಟಿಡಿಎಸ್ ಸುಮಾರು 1,470ಕ್ಕೆ ಏರುತ್ತದೆ. ನೈಟ್ರೇಟ್ ಕೂಡ ಹಾಗೆಯೇ ಸಾಂದ್ರಗೊಂಡು ಅದೇ ಊರಿನ ನೆಲಕ್ಕೆ, ಎಷ್ಟೋ ಕಡೆ ಅದೇ ಕೊಳವೆಬಾವಿಯ ಪಕ್ಕಕ್ಕೆ ಇಂಗುತ್ತದೆ. ನಾಳೆ ಮತ್ತೆ ಅದನ್ನೇ ಎತ್ತಿ ಸೋಸುತ್ತೇವೆ. 2019ರ ಮೇ ತಿಂಗಳಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯು ಟಿಡಿಎಸ್ 500ಕ್ಕಿಂತ ಕಡಿಮೆಯಿರುವ ಕಡೆ ಆರ್‌ಓ ಬಳಸಬಾರದು, ಬಳಸುವ ಕಡೆ ಕನಿಷ್ಠ 60 ಭಾಗ ನೀರನ್ನು ಉಳಿಸಿಕೊಳ್ಳಬೇಕು ಎಂದದ್ದು ಈ ವ್ಯರ್ಥವನ್ನು ಕಂಡೇ. ಔರಾದಿನ ಬೇಸಿಗೆಯಲ್ಲಿ ಕೊಡ ಹೊತ್ತು ನಡೆಯುವ ತಾಂಡಾದ ಹೆಂಗಸರ ಮುಂದೆ ನೂರಕ್ಕೆ ಅರವತ್ತು ಲೀಟರ್ ಚೆಲ್ಲುವ ಯಂತ್ರವನ್ನು ಅಭಿವೃದ್ಧಿ ಎಂದು ಹೇಳಲು ಸ್ವಲ್ಪ ಧೈರ್ಯ ಬೇಕು. ಆ ನೀರನ್ನು ತೊಟ್ಟಿಯಲ್ಲಿ ಹಿಡಿದು ಪಾತ್ರೆ ತೊಳೆಯಲು, ಶೌಚಾಲಯಕ್ಕೆ ಬಳಸುವುದಕ್ಕೆ ಯಾವ ಉನ್ನತ ತಂತ್ರಜ್ಞಾನವೂ ಬೇಕಿಲ್ಲ.

ಇನ್ನು ಸಾಗಾಟದ ಮಾತು. ಕೈಯಲ್ಲಿರುವ ಬಾಟಲಿಯ ಹಿಂಬದಿಯ ಸಣ್ಣ ಅಕ್ಷರಗಳನ್ನು ಓದಿ. ತುಂಬಿದ ಜಾಗ ಹೈದರಾಬಾದಿನ ಹೊರವಲಯ ಎಂದಿದ್ದರೆ ಅದು ಸುಮಾರು 140 ಕಿಲೋಮೀಟರ್ ಲಾರಿಯಲ್ಲಿ ಬಂದಿದೆ. ಒಂಬತ್ತು ಟನ್ ಹೊತ್ತ ಲಾರಿ ಲೀಟರ್ ಡೀಸೆಲಿಗೆ 4 ಕಿಲೋಮೀಟರ್ ಓಡಿದರೆ ಬರುವ ದಾರಿಗೆ 35 ಲೀಟರ್. ಅಂದರೆ ಒಂದು ಲೀಟರ್ ನೀರಿಗೆ ಸುಮಾರು 4 ಮಿಲಿಲೀಟರ್ ಡೀಸೆಲ್. ಖಾಲಿ ಮರಳುವುದನ್ನೂ ಸೇರಿಸಿದರೆ 6. ಇದರಿಂದ ಹೊರಬರುವ ಇಂಗಾಲದ ಡೈಆಕ್ಸೈಡ್ 16-17 ಗ್ರಾಂ. ಲೆಕ್ಕ ಹಾಕುವ ಮೊದಲು ಸಾಗಾಟವೇ ದೊಡ್ಡ ಹೊರೆ ಎಂದು ನಾನು ಭಾವಿಸಿದ್ದೆ. ಆದರೆ 20 ಗ್ರಾಂ ತೂಗುವ ಪೆಟ್ ಬಾಟಲಿಯನ್ನು ತಯಾರಿಸುವುದರಲ್ಲೇ 40ರಿಂದ 60 ಗ್ರಾಂ ಹೊರಬೀಳುತ್ತದೆ. ಲಾರಿಗಿಂತ ಬಾಟಲಿ ದುಬಾರಿ! ಮದುವೆಗಳಲ್ಲಿ ಎಲೆಯ ಪಕ್ಕ ಇಡುವ ಪುಟ್ಟ ಬಾಟಲಿಗಳದು ಇನ್ನೂ ಕೆಟ್ಟ ಕಥೆ. ಬಾಟಲಿ ಚಿಕ್ಕದಾದಷ್ಟೂ ಲೀಟರಿಗೆ ತಗಲುವ ಪ್ಲಾಸ್ಟಿಕ್ ಹೆಚ್ಚು. ಪ್ರಯೋಗಾಲಯದ ತಕ್ಕಡಿಯಲ್ಲಿ ಖಾಲಿ ಬಾಟಲಿಗಳನ್ನು ತೂಗಿಸಿ, ವಿದ್ಯಾರ್ಥಿಗಳಿಂದ ನಕ್ಷೆ ಬರೆಸಿ ನೋಡಿ. ಊಟ ಮುಗಿದ ಮೇಲೆ ಅರ್ಧ ಕುಡಿದು ಬಿಟ್ಟ ನೀರನ್ನು ಅಳೆಯಿಸಿದರೆ ಇನ್ನೊಂದು ಪಾಠವಾಗುತ್ತದೆ.

ಅಮೆರಿಕದ ಪೀಟರ್ ಗ್ಲೀಕ್ ಮತ್ತು ಹೆದರ್ ಕೂಲಿ 2009ರಲ್ಲಿ ಪ್ರಕಟಿಸಿದ ಲೆಕ್ಕದಂತೆ ಒಂದು ಲೀಟರ್ ಬಾಟಲಿ ನೀರಿನ ಹಿಂದೆ 5.6ರಿಂದ 10.2 ಮೆಗಾಜೂಲ್ ಶಕ್ತಿ ಖರ್ಚಾಗುತ್ತದೆ. ನಲ್ಲಿ ನೀರಿಗೆ ತಗಲುವುದು 5 ಕಿಲೋಜೂಲಿನಷ್ಟು. ವ್ಯತ್ಯಾಸ ಸಾವಿರದಿಂದ ಎರಡು ಸಾವಿರ ಪಟ್ಟು. ಒಂದು ಲೀಟರ್ ನೀರನ್ನು ಮಾಂಜ್ರಾ ಕಣಿವೆಯಿಂದ ನೂರು ಮೀಟರ್ ಮೇಲಕ್ಕೆ, ಬೀದರ್ ಪ್ರಸ್ಥಭೂಮಿಗೆ ಎತ್ತಲು ಬೇಕಾದ ಕೆಲಸ ಒಂದು ಕಿಲೋಜೂಲಿಗಿಂತ ತುಸು ಕಡಿಮೆ. ದ್ರವ್ಯರಾಶಿ, ಗುರುತ್ವ ವೇಗೋತ್ಕರ್ಷ, ಎತ್ತರ ಮೂರನ್ನೂ ಗುಣಿಸಿದರೆ ನೀವೇ ಕಾಣಬಹುದು.

ಮಾಂಜ್ರಾ ಎಂದಾಗ ಒಂದು ವಿಪರ್ಯಾಸ ನೆನಪಾಗುತ್ತದೆ. ಬೀಡ್ ಜಿಲ್ಲೆಯ ಬಾಲಾಘಾಟ್ ಬೆಟ್ಟಗಳಲ್ಲಿ ಹುಟ್ಟಿ, ಲಾತೂರು, ಬೀದರ್ ದಾಟಿ ಹೋಗುವ ಈ ನದಿಯ ನೀರು ತೆಲಂಗಾಣದ ಸಿಂಗೂರು ಜಲಾಶಯದಲ್ಲಿ ನಿಂತು ದಶಕಗಳ ಕಾಲ ಹೈದರಾಬಾದಿನ ನಲ್ಲಿಗಳಿಗೆ ಹರಿದಿದೆ. ನಮ್ಮ ಪಕ್ಕದಿಂದ ನದಿಯಾಗಿ ಹೋದದ್ದರ ಬದಲಿಗೆ ಆ ಕಡೆಯಿಂದ ಬಾಟಲಿ ಬರುತ್ತದೆ. 2016ರ ಬರದಲ್ಲಿ ಭಾಲ್ಕಿ ತಾಲ್ಲೂಕಿನ ಕಾರಂಜಾ ಜಲಾಶಯ ತಳ ಮುಟ್ಟಿತು. ನೆರೆಯ ಲಾತೂರಿಗೆ ಏಪ್ರಿಲ್ 12ರಂದು ಮೀರಜಿನಿಂದ ಸುಮಾರು 340 ಕಿಲೋಮೀಟರ್ ದೂರ ಹತ್ತು ವ್ಯಾಗನ್ನುಗಳಲ್ಲಿ 5 ಲಕ್ಷ ಲೀಟರ್ ನೀರು ಹೊತ್ತ ರೈಲು ಬಂತು. ಅದು ದೇಶದಾದ್ಯಂತ ಸುದ್ದಿಯಾಯಿತು. ದಿನವೂ ಲಾರಿಗಳಲ್ಲಿ ಬರುವ ನೀರು ಯಾರಿಗೂ ಸುದ್ದಿಯೆನಿಸುವುದಿಲ್ಲ. ಏಕೆಂದರೆ ಅದು ಬರವಲ್ಲ, ವ್ಯಾಪಾರ.

ಇಷ್ಟಕ್ಕೂ ಬೀದರ್ ನಗರ ನೀರಿನ ವಿಷಯದಲ್ಲಿ ದಡ್ಡ ಊರಲ್ಲ. ಈ ಊರು ಕುಳಿತಿರುವುದು ಜಂಬಿಟ್ಟಿಗೆ ಕಲ್ಲಿನ ದಪ್ಪ ಹೊದಿಕೆಯ ಮೇಲೆ. ಮಳೆ ನೀರನ್ನು ಆ ಕಲ್ಲು ಸ್ಪಂಜಿನಂತೆ ಹೀರುತ್ತದೆ. ಕೆಳಗಿನ ಜೇಡಿ ಮತ್ತು ಬಸಾಲ್ಟ್ ಅದನ್ನು ಮುಂದೆ ಬಿಡುವುದಿಲ್ಲ. ಹೀಗಾಗಿ ಪ್ರಸ್ಥಭೂಮಿಯ ಅಂಚಿನಲ್ಲಿ ಝರಿಗಳು ಹೊರಡುತ್ತವೆ. ಗುರುನಾನಕ್ ಝೀರಾ, ಝರಣಿ ನರಸಿಂಹ, ಪಾಪನಾಶ, ಎಲ್ಲವೂ ಇದೇ ಭೂರಚನೆಯ ಮಕ್ಕಳು. ಬಹಮನಿ ಕಾಲದ ತಂತ್ರಜ್ಞರು ಈ ಗುಟ್ಟನ್ನು ಅರಿತು, ಪರ್ಷಿಯಾದಲ್ಲಿ ಬಳಕೆಯಲ್ಲಿದ್ದ ವಿಧಾನದಂತೆ ನೆಲದಡಿ ಸುರಂಗ ಕೊರೆದು, ತುಸುವೇ ಇಳಿಜಾರು ಕೊಟ್ಟು ನೀರನ್ನು ಹರಿಸಿದರು. ನೌಬಾದಿನ ಕರೇಜ್ ಸುಮಾರು 3 ಕಿಲೋಮೀಟರ್ ಉದ್ದ. ಅದರ ಮೇಲೆ 21 ಗಾಳಿಬಾವಿಗಳು ಗುರುತಿಸಲ್ಪಟ್ಟಿವೆ. ಪಂಪಿಲ್ಲ, ವಿದ್ಯುತ್ತಿಲ್ಲ, ಆವಿಯಾಗಿ ಹೋಗುವ ಭಯವೂ ಇಲ್ಲ. ಭೂಗೋಳಶಾಸ್ತ್ರಜ್ಞ ವಿ. ಗೋವಿಂದನ್‌ಕುಟ್ಟಿಯವರ ಅಧ್ಯಯನಗಳ ನಂತರ ಕಳೆದ ದಶಕದಲ್ಲಿ ಇದರ ಹೂಳು ತೆಗೆಯುವ ಕೆಲಸ ನಡೆಯಿತು. 2016ರಲ್ಲಿ ಜಿಲ್ಲಾಡಳಿತವೂ ಯುವಕರ ತಂಡಗಳೂ ಸೇರಿ ಹಳೆಯ ತೆರೆದ ಬಾವಿಗಳನ್ನು ಸ್ವಚ್ಛಗೊಳಿಸಿದರು.

ಕರೇಜಿನ ನೀರನ್ನು ಇಂದು ಹಾಗೆಯೇ ಬಾಯಿಗಿಡಿ ಎಂದು ನಾನು ಹೇಳುತ್ತಿಲ್ಲ. ಮಳೆಯನ್ನು ಬೇಗ ಹೀರುವ ಜಂಬಿಟ್ಟಿಗೆ ಶೌಚಗುಂಡಿಯನ್ನೂ ಅಷ್ಟೇ ಬೇಗ ಹೀರುತ್ತದೆ. ಅದನ್ನು ಪರೀಕ್ಷಿಸಬೇಕು, ಕ್ಲೋರಿನ್ ಬೆರೆಸಬೇಕು, ಅದರ ಮೇಲಿನ ನೆಲವನ್ನು ಕಾಯಬೇಕು. ಬಾಟಲಿ ಉದ್ಯಮದ ಮೇಲೆ ನನ್ನ ಮುಖ್ಯ ಆಕ್ಷೇಪಣೆ ಇಲ್ಲಿಯೇ ಇದೆ. ಊರಿನಲ್ಲಿ ದನಿಯಿರುವವರು, ಅಂದರೆ ಅಧಿಕಾರಿ, ವ್ಯಾಪಾರಿ, ನಮ್ಮಂಥ ಶಿಕ್ಷಕರು, ಕ್ಯಾನಿಗೆ ಹೊರಳಿದ ದಿನವೇ ನಲ್ಲಿಯ ನೀರಿನ ಬಗ್ಗೆ ದೂರು ಕೊಡುವವರು ಇಲ್ಲವಾಗುತ್ತಾರೆ. ಹಿಂದೆ ಬೇಸಿಗೆಯಲ್ಲಿ ದಾರಿಹೋಕರಿಗೆ ಅರವಟಿಗೆ ಇಡುತ್ತಿದ್ದರು. ರಂಜಣಿಗೆಯ ನೀರು ಆವಿಯಾಗುತ್ತಾ ತಾನೇ ತಂಪಾಗುತ್ತಿತ್ತು. ಇಟ್ಟವರೂ ಅದೇ ನೀರು ಕುಡಿಯುತ್ತಿದ್ದುದರಿಂದ ಅದರ ಒಳಿತು ಕೆಡುಕು ಅವರಿಗೂ ತಗಲುತ್ತಿತ್ತು.

ನಮ್ಮ ಶಾಲೆಯಲ್ಲಿ ಈ ವರ್ಷ ಮೊಳೆ ಮತ್ತು ಪೆನ್ಸಿಲಿನ ಪ್ರಯೋಗ ಮಾಡಿಸಿದೆ. ಮುಗಿದ ಮೇಲೆ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, "ಸರ್, ಹಂಗಾದ್ರ ನಿಮ್ಮ ಕ್ಯಾನಿನ ನೀರು ಚಲೋ ಅದ ಅಂತ ಹೆಂಗ ಗೊತ್ತು?" ಎಂದು ಕೇಳಿದಳು. ಉತ್ತರ ನನ್ನ ಬಳಿ ಇರಲಿಲ್ಲ. 1982ರಲ್ಲಿ ಗ್ವಾಲಿಯರಿನ ರಕ್ಷಣಾ ಪ್ರಯೋಗಾಲಯದ ಕೆ.ಎಸ್. ಮಂಜ ಮತ್ತು ಸಂಗಡಿಗರು ರೂಪಿಸಿದ ಹೈಡ್ರೋಜನ್ ಸಲ್ಫೈಡ್ ಪರೀಕ್ಷೆಯ ಪುಟ್ಟ ಸೀಸೆಗಳನ್ನು ತರಿಸಿದೆವು. ಸೀಸೆಗೆ ನೀರು ತುಂಬಿ ಒಂದೆರಡು ದಿನ ಬೆಚ್ಚಗಿನ ಜಾಗದಲ್ಲಿಟ್ಟರೆ, ಮಲಿನ ನೀರು ಕಪ್ಪಾಗುತ್ತದೆ. ಒಂದಕ್ಕೆ ಕ್ಯಾನಿನ ನೀರು, ಇನ್ನೊಂದಕ್ಕೆ ಮಕ್ಕಳ ನಲ್ಲಿಯ ನೀರು ತುಂಬಿದೆವು. ಮರುದಿನ ಕಪ್ಪಾದದ್ದು ಕ್ಯಾನಿನದು. ನಲ್ಲಿಯ ನೀರು ಬಣ್ಣ ಬದಲಿಸಲಿಲ್ಲ. ಆದರೆ ಈ ಸೀಸೆ ನೈಟ್ರೇಟನ್ನು ಹೇಳಲಾರದು ಎಂಬುದನ್ನೂ ಮಕ್ಕಳಿಗೆ ತಿಳಿಸಿದೆ. ಆದ್ದರಿಂದ ಕೊಳವೆಬಾವಿಯ ನೀರಿನ ಮಾದರಿಯನ್ನು ಜಿಲ್ಲಾ ಪ್ರಯೋಗಾಲಯಕ್ಕೆ ಕಳಿಸಿದ್ದೇವೆ. ವರದಿ ಬಂದ ಮೇಲೆ, ಅದು ಹೇಗೇ ಇರಲಿ, ನಲ್ಲಿಯ ಮೇಲಿನ ಗೋಡೆಗೆ ಅಂಟಿಸುವುದೆಂದು ಹುಡುಗರು ತೀರ್ಮಾನಿಸಿದ್ದಾರೆ. ಕ್ಯಾನ್ ತರುವವನಿಗೂ ಅಂಥದೇ ಒಂದು ವರದಿ ಕೇಳಿದ್ದೇವೆ. ಅವನು ಇನ್ನೂ ತಂದಿಲ್ಲ.